ಎರಡನೇ ಭಾನುವಾರದ ನಗು

"ಇನ್ನೊಂದ್ಸಲ ಹಾಕಿ," ಎಂದೆ.

"ಇದು ನಾಲ್ಕನೇ ಸಲ ಸಾರ್," ಎಂದ ಸಿನಿಮಾದ ನಿರ್ದೇಶಕ ಅನಂತರಾಮು. ಆದರೂ ಪ್ರೊಜೆಕ್ಟರಿನ ಚಕ್ರವನ್ನು ಹಿಂದಕ್ಕೆ ತಿರುಗಿಸತೊಡಗಿದ.

ಜಯನಗರ ಮೂರನೇ ಬ್ಲಾಕಿನ ಅವನ ಮನೆಯ ಕಿಟಕಿಗಳಿಗೆಲ್ಲ ಕಂಬಳಿ ಹೊದಿಸಿ ಮಧ್ಯಾಹ್ನ ಮೂರು ಗಂಟೆಗೇ ಕತ್ತಲು ಮಾಡಿದ್ದೆವು. ಗೋಡೆಗೆ ಒಂದು ಬಿಳಿ ಪಂಚೆ ಕಟ್ಟಿತ್ತು. ಆ ಪಂಚೆಯ ಮೇಲೆ ನಟ ಸೋಮಲಿಂಗಪ್ಪನವರು ನಾಲ್ಕನೇ ಸಲ ಸಾಯಲು ಸಿದ್ಧರಾಗುತ್ತಿದ್ದರು.

ನಿಜವಾಗಿ ಅವರು ಸತ್ತು ಹನ್ನೊಂದು ದಿನವಾಗಿತ್ತು. ಸಿನಿಮಾ ತೆಗೆದ ಸಾರಕ್ಕಿಯ ಬೋರಣ್ಣನ ಮನೆಯ ಬಾವಿಯಲ್ಲಿ ಹೆಣ ಸಿಕ್ಕಿತ್ತು. ಬೋರಣ್ಣ ಲಾಕಪ್ಪಿನಲ್ಲಿದ್ದ. ನಾಳೆ ಬೆಳಿಗ್ಗೆ ಅವನ ಮೇಲೆ ಕೊಲೆಯ ಆರೋಪಪಟ್ಟಿ ಕೋರ್ಟಿಗೆ ಹೋಗುವುದಿತ್ತು. ಹದಿನೆಂಟು ವರ್ಷ ಸಬ್ ಇನ್ಸ್‌ಪೆಕ್ಟರಾಗಿದ್ದು ನಿವೃತ್ತನಾದ ನನಗೆ ಗೊತ್ತು, ಒಂದು ಸಲ ಕಾಗದದ ಮೇಲೆ ಕೊಲೆಗಾರನಾದವನು ಅಲ್ಲಿಂದ ಕೆಳಗಿಳಿಯುವುದು ಬಹಳ ಕಷ್ಟ.

ಬೋರಣ್ಣನ ಹೆಂಡತಿ ಮುನಿವೆಂಕಟಮ್ಮ ಬೆಳಿಗ್ಗೆಯಿಂದ ನನ್ನ ಹಿಂದೆಯೇ ಇದ್ದಳು. ಈಗ ಹೊರಗೆ ಮೆಟ್ಟಿಲ ಮೇಲೆ ಕೂತಿದ್ದಳು. ಮೊಣಕೈವರೆಗೂ ಹಚ್ಚೆ ಇದ್ದ ಕೈಯಲ್ಲಿ ಸೆರಗು ಹಿಡಿದು, "ಎಂಗಾನ ಮಾಡಿ ಬುಡುಸ್ಕೊಡಿ ಸಾಮಿ" ಎಂದದ್ದೇ ಎಂದದ್ದು. ಆ ಬೋರಣ್ಣನೋ, ಲಾಕಪ್ಪಿನ ಕಂಬಿ ಹಿಡಿದು ನನಗೆ ಹೇಳಿದ್ದು ಒಂದೇ ಮಾತು: "ಆ ಪಿಲಂ ಯಾರ್ಗೂ ತೋರಿಸ್ಬೇಡಿ."

ತನ್ನ ಅಂಗಳದಲ್ಲಿ ಸಿನಿಮಾಕ್ಕಾಗಿ ಹೆಣ ಮಲಗಿಸಿದ್ದನ್ನು ಊರು ನೋಡಬಾರದು ಅನ್ನುವ ಸಂಕಟ ಇರಬೇಕು ಅಂದುಕೊಂಡಿದ್ದೆ.

ಪಂಚೆಯ ಮೇಲೆ ಬೆಳಕು ಬಿತ್ತು.

ಬೋರಣ್ಣನ ಮನೆಯ ಅಂಗಳ. ಚಾಪೆಯ ಮೇಲೆ ಬಿಳಿ ಗಡ್ಡದ ಮುದುಕ ಅಂಗಾತ ಮಲಗಿದ್ದಾನೆ. ಕಾಲಿನ ಹೆಬ್ಬೆರಳುಗಳನ್ನು ಸೇರಿಸಿ ದಾರ ಕಟ್ಟಿದ್ದಾರೆ. ಸಿನಿಮಾದ ಕತೆಯಲ್ಲಿ, ಬಡಾವಣೆಯವರಿಗೆ ಹೊಲ ಬಿಟ್ಟುಕೊಡದೆ ಹಟ ಹಿಡಿದು ಸತ್ತ ರೈತ ಅವನು. ಸುತ್ತ ಸಾರಕ್ಕಿಯ ಹೆಂಗಸರೇ ನಿಂತಿದ್ದಾರೆ, ದುಃಖ ನಟಿಸಲು ಬಾರದೆ ಸೆರಗು ಬಾಯಿಗೆ ಇಟ್ಟುಕೊಂಡು. ಮುದುಕನ ಹೆಂಡತಿಯಾಗಿ, ಕೂದಲಿಗೆ ಬಿಳಿ ಪೌಡರ್ ಬಳಿದುಕೊಂಡ ಚೂಡಾಮಣಿ ತಲೆಯ ಬಳಿ ಕೂತಿದ್ದಾಳೆ. ಆಕೆ ಅನಂತರಾಮುವಿನ ನಿಜವಾದ ಹೆಂಡತಿ. ಪಕ್ಕದಿಂದ ಯಾರದೋ ಕೈ ಒಂದು ಚೊಂಬು ಕೊಡುತ್ತದೆ. ಗಂಡ ಸತ್ತದ್ದನ್ನು ನಂಬದ ಆ ಮುದುಕಿ ಅವನ ಬಾಯಿಗೆ ತುಳಸಿ ನೀರು ಬಿಡುತ್ತಾಳೆ. ಅವಳ ಕೈ ಗಡಗಡ ನಡುಗುತ್ತದೆ.

"ಆ ನಡುಕ ನೋಡಿ," ಎಂದ ಅನಂತರಾಮು. "ಹಿಂದಿನ ವಾರ ಹೇಳಿ ಹೇಳಿ ಸಾಕಾಗಿತ್ತು ನಂಗೆ, ಬರ್ಲೇ ಇಲ್ಲ. ಅವತ್ತು ತಾನಾಗೇ ಬಂತು."

ಚಿತ್ರ ಒಮ್ಮೆ ತಡವರಿಸಿತು. ಮರುಕ್ಷಣ ಅದೇ ಚಾಪೆ, ಅದೇ ಮುದುಕ. ಆದರೆ ಈಗ ಅವನು ಎದ್ದು ಕೂತಿದ್ದಾನೆ. ನೇರವಾಗಿ ನಮ್ಮನ್ನೇ ನೋಡಿ ಬಾಯಿ ತುಂಬ ನಗುತ್ತಿದ್ದಾನೆ.

ಇದು ಸಿನಿಮಾದವರ ಪದ್ಧತಿ. ಹೆಣದ ಪಾತ್ರ ಮಾಡಿದವರು ಶಾಟ್ ಮುಗಿದ ಕೂಡಲೇ ಎದ್ದು ಕ್ಯಾಮೆರಾ ಮುಂದೆ ನಗಬೇಕು, ಆ ನಗು ಫಿಲಂ ಮೇಲೆ ಬೀಳಬೇಕು. ಸಿನಿಮಾದಲ್ಲಿ ಅದು ಬರುವುದಿಲ್ಲ, ಕತ್ತರಿಸಿ ತೆಗೆಯುತ್ತಾರೆ. ನಗುವನ್ನು ಚಿತ್ರೀಕರಿಸದೆ ಇದ್ದರೆ ಮಾತ್ರ ಅಪಶಕುನ. ಬುದ್ಧಿಜೀವಿ ಸಿನಿಮಾ ಮಾಡಲು ಹೊರಟವರೂ ಇದೊಂದನ್ನು ಬಿಡುವುದಿಲ್ಲ. ಉಪ್ಪಿಟ್ಟು ಬೇಕಾದರೆ ಬಿಟ್ಟಾರು.

ಬೋರಣ್ಣ ಅಂಗಳ ಕೊಟ್ಟದ್ದೂ ಈ ನಗುವಿನ ಭರವಸೆಯ ಮೇಲೆಯೇ. ಮನೆ ಮುಂದೆ ಹೆಣ ಮಲಗಿಸುತ್ತಾರೆ ಎಂದು ಅವನಿಗೆ ಯಾರೂ ಮೊದಲು ಹೇಳಿರಲಿಲ್ಲ. ನೋಡಿದವನೇ ಕೂಗಾಡಿದ್ದ: "ಈ ಮುದುಕ ನಿಜವಾಗ್ಲೂ ಎಣ ಆಯ್ತಾನೆ, ನೋಡ್ತಿರಿ." ಅದನ್ನು ಇಡೀ ತಂಡ ಕೇಳಿಸಿಕೊಂಡಿತ್ತು. ಸೋಮಲಿಂಗಪ್ಪನವರೇ ಅವನ ಹೆಗಲ ಮೇಲೆ ಕೈ ಹಾಕಿ, ಹೆಣ ಎದ್ದು ನಗುತ್ತದೆ, ದೋಷ ಅಲ್ಲಿಗೆ ತೀರುತ್ತದೆ ಎಂದು ಸಮಾಧಾನ ಮಾಡಿದ್ದರು.

ಅದು ಮೊದಲ ಭಾನುವಾರ. ಅವತ್ತು ಶಾಟ್ ನಡುವೆ ಬೋರಣ್ಣನ ಎಮ್ಮೆ ನುಗ್ಗಿ ಎಲ್ಲ ಕೆಟ್ಟಿತು; ಸರಿಯಾಗಿ ಬಂದದ್ದು ಕೊನೆಯ ನಗು ಒಂದೇ. ಎರಡನೇ ಭಾನುವಾರ ಅದನ್ನೇ ಮತ್ತೆ ತೆಗೆದರು. ಪೊಲೀಸರ ಲೆಕ್ಕ ಈ ರೀಲಿನ ಮೇಲೆಯೇ ನಿಂತಿತ್ತು. ಸಂಜೆ ಐದಕ್ಕೆ ಎದ್ದು ನಕ್ಕವರು ಬದುಕಿದ್ದರು. ಐದೂಕಾಲಿಗೆ ತಂಡವೆಲ್ಲ ವ್ಯಾನು ಹತ್ತಿತು. ಮುಖದ ಬಣ್ಣ ತೊಳೆಯಲು ಬಾವಿಯ ಕಡೆ ಹೋದ ಮುದುಕನ ಹತ್ತಿರ ಆಮೇಲೆ ಉಳಿದವನು ಬೋರಣ್ಣ ಒಬ್ಬನೇ.

ರೀಲು ಮುಗಿದು ಚಕ್ರ ಪಟಪಟ ಬಡಿಯತೊಡಗಿತು.

ಚೂಡಾಮಣಿ ಕಾಫಿ ತಂದಳು. ಮೂವತ್ತೆರಡು ಮೂವತ್ತಮೂರರ ಹೆಂಗಸು, ಮಾತು ಕಡಿಮೆ. ನನಗೂ ನನ್ನ ಪಕ್ಕ ಕೂತಿದ್ದ ವಾರಿಜಾಳಿಗೂ ಸ್ಟೀಲ್ ಲೋಟ ಕೊಟ್ಟಳು. ಗಂಡನ ಪಕ್ಕದಲ್ಲಿ ಒಂದು ಬೆಳ್ಳಿ ಲೋಟ ಇಟ್ಟು, "ನಿಮ್ದು, ಸಕ್ಕರೆ ಇಲ್ದೆ ಇರೋದು," ಎಂದು ಹೇಳಿ ಒಳಗೆ ಹೋದಳು. ಅವನು ಅದನ್ನು ಮುಟ್ಟಲಿಲ್ಲ. ಕೈತುಂಬ ಫಿಲಂ ಇತ್ತು.

ವಾರಿಜಾ ಸೋಮಲಿಂಗಪ್ಪನವರ ಒಬ್ಬಳೇ ಮಗಳು. ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಕೆಲಸ. ಮೂರು ಸಲವೂ ತಲೆ ತಗ್ಗಿಸಿ ಕೂತವಳು ನಾಲ್ಕನೇ ಸಲ ಮಾತ್ರ ಕಣ್ಣೆತ್ತಿ ನೋಡಿದ್ದಳು. ಈಗ ಕಾಫಿ ಕುಡಿಯದೆ ಖಾಲಿ ಪಂಚೆಯನ್ನೇ ನೋಡುತ್ತಿದ್ದಳು.

"ಏನಮ್ಮ?" ಎಂದೆ.

"ಏನಿಲ್ಲ ಸಾರ್. ಅಪ್ಪ ನಗೋದು ನೋಡಿ…" ಎಂದು ಪಂಚೆಯಿಂದ ಮುಖ ತಿರುಗಿಸಿದಳು. "ಮೂವತ್ತು ವರ್ಷ ಸಿನಿಮಾದಲ್ಲಿ ಪೋಸ್ಟ್‌ಮ್ಯಾನ್, ಪುರೋಹಿತ, ಶಾನುಭೋಗ. ಇಲ್ದಿದ್ರೆ ಮೊದಲನೇ ರೀಲಲ್ಲೇ ಸಾಯೋ ಅಪ್ಪ. ಪೋಸ್ಟರಲ್ಲಿ 'ಮತ್ತಿತರರು' ಅಂತ ಇರುತ್ತಲ್ಲ, ಅದೇ ನಮ್ಮಪ್ಪನ ಹೆಸರು ಅಂತ ಚಿಕ್ಕೋಳಿದ್ದಾಗ ನಂಬಿದ್ದೆ. ಇದೊಂದರಲ್ಲೇ ಹೆಸರು ದೊಡ್ಡದಾಗಿ ಬರೋದಿತ್ತು."

ಆಮೇಲೆ ಅವಳು ಹೇಳಿದ ಮಾತಿಗೆ ನಾನು ಲೋಟ ಕೆಳಗಿಟ್ಟೆ.

"ಸಾರ್, ಇದು ಅವತ್ತಿನ ನಗು ಅಲ್ಲ."

"ಯಾಕೆ?"

"ಹಲ್ಲಿದೆ."

ಅನಂತರಾಮುವಿನ ಕೈ ಚಕ್ರದ ಮೇಲೆಯೇ ನಿಂತಿತು.

ವಾರಿಜಾ ಚೀಲದಿಂದ ಒಂದು ನಶ್ಯದ ಡಬ್ಬಿ ತೆಗೆದು ನನ್ನ ಅಂಗೈ ಮೇಲೆ ಬೋರಲು ಹಾಕಿದಳು. ಮೇಲ್ದವಡೆಯ ಮುಂದಿನ ಹಲ್ಲು, ಬೇರುಸಮೇತ.

"ಎರಡನೇ ಭಾನುವಾರದ ಹಿಂದಿನ ದಿನ, ಶನಿವಾರ ಸಾಯಂಕಾಲ ಕೀಳಿಸ್ಕೊಂಡ್ರು. ಗಾಂಧಿಬಜಾರಿನ ಹಲ್ಲಿನ ಡಾಕ್ಟ್ರ ಹತ್ರ ನಾನೇ ಕರ್ಕೊಂಡು ಹೋಗಿದ್ದೆ. ಗಟ್ಟಿಯಾಗಿತ್ತು ಸಾರ್, ಡಾಕ್ಟ್ರು ಬೈದ್ರು. ಮುಂದಿನ ವಾರ ಮುಪ್ಪಿನ ಕ್ಲೋಸಪ್ ತೆಗೀತಾರೆ, ಕರಿ ಬಣ್ಣ ಬಳಿದ್ರೆ ಸುಳ್ಳು ಅಂತ ಗೊತ್ತಾಗುತ್ತೆ ಅಂದ್ರು ಅಪ್ಪ. ಯಾವತ್ತೂ ಗಡ್ಡ ಅಂಟಿಸ್ಕೊಂಡೋರಲ್ಲ ಅವರು, ಬೆಳೆಸೋರು."

"ಇದು ಸೆಟ್ಟಲ್ಲಿ ಯಾರಿಗೂ ಗೊತ್ತಿರಲಿಲ್ವಾ?"

"ಹೇಗೆ ಗೊತ್ತಾಗುತ್ತೆ? ಬಣ್ಣ ಹಚ್ಚಿದ ಮೇಲೆ ಶಾಟ್ ಮುಗಿಯೋವರೆಗೂ ಅವರು ಬಾಯಿ ಬಿಡ್ತಿರ್ಲಿಲ್ಲ. ನಾಟಕದ ಕಂಪನಿಯ ಅಭ್ಯಾಸ. ಕಡೇಲಿ ನಗ್ತೀನಲ್ಲ, ಆಗ ತೋರಿಸ್ತೀನಿ, ಅನಂತರಾಮು ಬೆಚ್ಚಿಬೀಳ್ಬೇಕು ಅಂತಿದ್ರು."

ಅನಂತರಾಮು ಈಗ ಬೆಚ್ಚಿಬಿದ್ದಿದ್ದ. ಹನ್ನೊಂದು ದಿನ ತಡವಾಗಿ.

ನಾನು ಜೇಬಿನಿಂದ ಪೋಸ್ಟ್‌ಮಾರ್ಟಂ ವರದಿಯ ನಕಲು ತೆಗೆದೆ. ಅದು ನನ್ನ ಕೈಗೆ ಸಿಕ್ಕದ್ದು ಅವತ್ತು ಬೆಳಿಗ್ಗೆ ಅಷ್ಟೇ. ತಲೆಯ ಹಿಂಭಾಗ ಒಡೆದಿದೆ, ಮೇಲಿನ ಮುಂದಿನ ಹಲ್ಲು ಹೊಸದಾಗಿ ಕಳಚಿದೆ. ಇಷ್ಟು ಸಿಕ್ಕ ಮೇಲೆ ಹೊಟ್ಟೆಯೊಳಗೆ ಏನಿದೆ ಎಂದು ನೋಡುವ ಗೋಜಿಗೆ ಯಾರೂ ಹೋಗಿರಲಿಲ್ಲ. ಬೋರಣ್ಣ ಮುಖಕ್ಕೆ ಗುದ್ದಿ ಹಲ್ಲು ಉದುರಿಸಿ ಬಾವಿಗೆ ತಳ್ಳಿದ ಎಂದು ಬರೆದು ಕೈತೊಳೆದುಕೊಂಡಿದ್ದರು.

"ನಮ್ಗೆ ಮುಖಕ್ಕೆ ಏಟು ಬಿದ್ದಿದೆ ಅಂದ್ರು ಅಷ್ಟೇ," ಎಂದಳು ವಾರಿಜಾ. "ಹಲ್ಲಿನ ಮಾತು ಯಾರೂ ಎತ್ತಲಿಲ್ಲ."

ನಾನು ಎದ್ದು ಒಂದು ಕಿಟಕಿಯ ಕಂಬಳಿ ಸರಿಸಿದೆ. ಅನಂತರಾಮುವಿನ ಕೈಯಿಂದ ಫಿಲಂ ತೆಗೆದುಕೊಂಡು ಬೆಳಕಿಗೆ ಹಿಡಿದೆ. ಮಲಗಿದ ಮುದುಕ, ಕೂತ ಮುದುಕ. ಇಬ್ಬರ ನಡುವೆ ಅಂಟಿಸಿದ ಜಾಗ ಉಗುರಿಗೆ ತಾಕಿತು.

"ಮೊದಲನೇ ಭಾನುವಾರದ ನಗು ತಂದು ಎರಡನೇ ಭಾನುವಾರದ ಸಾವಿಗೆ ಅಂಟಿಸಿದೀರ," ಎಂದೆ.

"ಎಡಿಟಿಂಗಲ್ಲಿ ಎಲ್ಲಾನೂ ಅಂಟಿಸ್ತೀವಿ ಸಾರ್."

"ಹೌದು. ಆದ್ರೆ ಈ ಅಂಟು ಬೋರಣ್ಣನ ಕುತ್ತಿಗೇಗೆ ಬಿದ್ದಿದೆ. ಅನಂತರಾಮು, ನೇರವಾಗಿ ಹೇಳಿ. ಎರಡನೇ ಭಾನುವಾರ ಅವರು ನಕ್ಕರಾ?"

ಅವನು ಸ್ಟೂಲಿನ ಮೇಲೆ ಕೂತ. ವಾರಿಜಾಳ ಕಡೆ ನೋಡಲು ಹೋಗಿ ಆಗದೆ ಪ್ರೊಜೆಕ್ಟರನ್ನು ನೋಡಿದ.

"ಏಳಲಿಲ್ಲ," ಎಂದ.

ಒಳಗೆ ಪಾತ್ರೆ ತೊಳೆಯುವ ಸದ್ದು ಕೇಳುತ್ತಿತ್ತು.

"ಬೆಳಕು ಹೋಗ್ತಿತ್ತು. ಕಟ್ ಅಂದೆ. ಹುಡುಗ್ರೆಲ್ಲ ಸಾಮಾನು ಹೊತ್ಕೊಂಡು ವ್ಯಾನ್ ಕಡೆ ಓಡಿದ್ರು, ಹೆಂಗಸರು ಕರು ಕಟ್ಟೋಕೆ ಅಂತ ಹೋದ್ರು. ನಾನು, ಚೂಡಾಮಣಿ ಇಬ್ರೇ ಉಳಿದ್ವಿ, ಕ್ಯಾಮೆರಾ ಓಡ್ಸೋನೂ ನಾನೇ. ಸಾರ್ ಏಳಿ, ನಗಿ, ಫಿಲಂ ಇನ್ನು ಸ್ವಲ್ಪಾನೇ ಇದೆ ಅಂದೆ. ತಮಾಷೆ ಮಾಡ್ತಿದಾರೆ ಅಂದ್ಕೊಂಡೆ. ಮುಟ್ಟಿದೆ."

"ಡಾಕ್ಟರನ್ನ ಕರೀಲಿಲ್ಲ."

"ಹಾರ್ಟ್ ನಿಂತು ಹೋಗಿತ್ತು ಸಾರ್. ಡಾಕ್ಟರು ಬಂದು ಏನು ಮಾಡ್ತಿದ್ರು? ಹೆಣದ ಪಾತ್ರ ಮಾಡ್ತಾ ಮಾಡ್ತಾ ಸತ್ತೇ ಹೋದ ಅಂದ್ರೆ ಆ ಫಿಲಂನ ಯಾರು ಮುಟ್ತಾರೆ? ಲ್ಯಾಬಿನೋರು ಮುಟ್ಟಲ್ಲ, ಥಿಯೇಟರಿನೋರು ಮುಟ್ಟಲ್ಲ. ಏಳು ವರ್ಷ ಸಾರ್, ಆ ಕತೆ ಇಟ್ಕೊಂಡು ಏಳು ವರ್ಷ. ಬಾವಿ ಹಿತ್ತಲಲ್ಲೇ ಇತ್ತು. ಕಾಲು ಜಾರಿ ಬಿದ್ರು ಅಂತ ಆಗ್ಲಿ ಅಂದ್ಕೊಂಡೆ. ಎತ್ತಿ ಹಾಕೋವಾಗ ಕಲ್ಲಿಗೆ ತಲೆ ಹೊಡೀತು. ಮುಖ ತೊಳ್ಕೊಂಡು ಬಸ್ಸಲ್ಲಿ ಬರ್ತಾರಂತೆ ಅಂತ ಚೂಡಾಮಣಿ ಹೋಗಿ ವ್ಯಾನಿನೋರಿಗೆ ಹೇಳಿದ್ಲು."

ವಾರಿಜಾ ಅಳಲಿಲ್ಲ. "ಅಪ್ಪ ನಿಮ್ಮನ್ನ ಮಗನ ಥರ ನೋಡ್ಕೊಂಡ್ರು," ಎಂದಳು ಮೆಲ್ಲಗೆ. "ನೀವು ಅವರನ್ನ ಮೂಟೆ ಥರ ಎಸೆದ್ರಿ."

ಅವನ ಗಂಟಲು ಒಣಗಿರಬೇಕು, ತುಟಿ ಸವರಿಕೊಳ್ಳುತ್ತಿದ್ದ. ನನಗೆ ಅವನ ಮೇಲೆ ಸಿಟ್ಟೂ ಬಂತು, ಸುಳ್ಳೇಕೆ, ಒಳಗೊಳಗೆ ನಿರಾಳವೂ ಆಯಿತು. ಈ ಮಾತು ಕಾಗದದ ಮೇಲೆ ಬಂದರೆ ಬೋರಣ್ಣ ನಾಳೆ ಸಂಜೆಗೆ ಮನೆಯಲ್ಲಿರುತ್ತಾನೆ. ಮುದುಕ, ದುರ್ಬಲ ಎದೆ, ಬಿಸಿಲು. ಅಲ್ಲಿಗೆ ಮುಗಿಯಿತು ಎಂದು ಟೋಪಿ ಹಾಕಿಕೊಂಡು ಹೊರಡಬಹುದಿತ್ತು.

ಆದರೆ ಅಂಗೈಯಲ್ಲಿ ಆ ಹಲ್ಲು ಇನ್ನೂ ಇತ್ತು.

ಹಳೆಯ ನಗು ಅಂಟಿಸಿದ ಅನಂತರಾಮುವಿಗೆ ಹಲ್ಲು ಹೋದದ್ದು ಗೊತ್ತಿರಲಿಲ್ಲ, ಸರಿ. ಆದರೆ ಬಾಯಿಗೆ ತುಳಸಿ ನೀರು ಬಿಟ್ಟವಳಿಗೆ? ತುಟಿ ಬಿಡಿಸಿದವಳ ಕಣ್ಣಿಗೆ ಆ ಸಂದಿ ಕಾಣದೆ ಹೇಗಿರುತ್ತದೆ? ಇದೇ ಮನೆಯಲ್ಲಿ ಗಂಡ ಆ ಸುಳ್ಳು ನಗುವನ್ನು ಅಂಟಿಸುವಾಗ ಅವಳು ಒಂದು ಮಾತೂ ಆಡಲಿಲ್ಲ.

"ಕಂಬಳಿ ಎಳೀರಿ," ಎಂದೆ. "ಮೊದಲನೇ ಭಾನುವಾರದ ರೀಲು ಇದೆಯಲ್ಲ, ಎಮ್ಮೆ ನುಗ್ಗಿದ್ದು. ಅದನ್ನ ಹಾಕಿ. ಆಮೇಲೆ ಇದನ್ನ."

ಮೊದಲ ಭಾನುವಾರ. ಚೂಡಾಮಣಿ ನೀರು ಬಿಡುತ್ತಾಳೆ. ನೀರು ಮುದುಕನ ತುಟಿ ದಾಟಿ ಒಳಗೆ ಹೋಗದೆ ಕೆನ್ನೆಯ ಮೇಲೆ ಇಳಿದು ಚಾಪೆಗೆ ಬೀಳುತ್ತದೆ. ಕೈ ನಡುಗುವುದಿಲ್ಲ.

"ಅಪ್ಪನ ಉಪಾಯ ಅದು," ಎಂದಳು ವಾರಿಜಾ. "ಹೆಣ ನೀರು ನುಂಗಬಾರ್ದಲ್ಲ. ಹಲ್ಲು ಕಚ್ಚಿ ಹಿಡ್ಕೊಂಡು, ಹೊರಗೆ ಹರಿಯೋ ಹಾಗೆ ಮಾಡೋರು. ಇಪ್ಪತ್ತೆರಡು ಸಲ ಸತ್ತಿದಾರೆ, ಒಂದ್ಸಲಾನೂ ನುಂಗಿಲ್ಲ."

ಎರಡನೇ ಭಾನುವಾರ. ನೀರು ಬೀಳುತ್ತದೆ. ಕೆನ್ನೆ ಒದ್ದೆಯಾಗುವುದಿಲ್ಲ. ಮುದುಕನ ಗಂಟಲು ಮೆಲ್ಲಗೆ, ಒಮ್ಮೆ, ಏರಿ ಇಳಿಯುತ್ತದೆ.

ಹಲ್ಲಿನ ಸಂದಿಯಿಂದ ನೀರು ಒಳಗೆ ಹೋಗಿತ್ತು.

ಉಗುಳಬಹುದಿತ್ತು. ಕೆಮ್ಮಬಹುದಿತ್ತು. ಆದರೆ ಫಿಲಂ ಓಡುತ್ತಿದೆ, ಇನ್ನೊಂದು ಟೇಕಿಗೆ ಬೆಳಕಿಲ್ಲ. ಶಾಟ್ ಕೆಡಿಸಬಾರದು. ಮೂವತ್ತು ವರ್ಷ ಕಲಿತದ್ದು ಅದೊಂದನ್ನೇ.

"ಕಾಲು ನೋಡಿ," ಎಂದೆ.

ಈ ಸಲ ಎಲ್ಲರೂ ಕಾಲನ್ನೇ ನೋಡಿದೆವು. ನೀರು ಬಿಟ್ಟು ಎರಡು ನಿಮಿಷವಾಗಿರಬಹುದು. ದಾರ ಕಟ್ಟಿದ ಹೆಬ್ಬೆರಳುಗಳು ಒಂದನ್ನೊಂದು ಬಿಡಿಸಿಕೊಳ್ಳಲು ಎಳೆದವು. ಮತ್ತೊಮ್ಮೆ ಎಳೆದವು. ಪಕ್ಕದಲ್ಲಿದ್ದ ಕೈ ಚಾಪೆಯ ಅಂಚನ್ನು ಹಿಡಿದು ಹಿಂಡಿತು. ಆಮೇಲೆ ಬಿಟ್ಟಿತು. ಮುಖ ಮಾತ್ರ ಅಲುಗಲಿಲ್ಲ.

ವಾರಿಜಾ ಬಾಯಿಗೆ ಕೈ ಅಡ್ಡ ಹಿಡಿದುಕೊಂಡಳು. ಅವಳ ಅಪ್ಪ ನಮ್ಮೆದುರು ನಿಜವಾಗಿಯೇ ಸಾಯುತ್ತಿದ್ದರು, ಸತ್ತವನ ಪಾತ್ರವನ್ನು ಬಿಡದೆ.

"ಹಾರ್ಟ್ ಅಲ್ಲ ಇದು, ವಿಷ," ಎಂದೆ. "ಆ ನೀರು ಎಲ್ಲಿಂದ ಬಂತು?"

"ಗೊತ್ತಿಲ್ಲ ಸಾರ್," ಎಂದ ಅನಂತರಾಮು. ಅವನ ದನಿ ಎಲ್ಲಿಂದಲೋ ಬಂದ ಹಾಗಿತ್ತು. "ನಮ್ಮಲ್ಲಿ ಸಾಮಾನು ನೋಡ್ಕೊಳ್ಳೋಕೆ ಅಂತ ಬೇರೆ ಜನ ಎಲ್ಲಿ? ಕೈಗೆ ಸಿಕ್ಕಿದ್ದನ್ನ ಶಾಟಿಗೆ ಹಾಕ್ತೀವಿ. ಆ ಹೆಂಗಸು ಚೊಂಬು ಹಿಡ್ಕೊಂಡು ಬರ್ತಿದ್ಲು. ನಿಲ್ಲು, ಹಾಗೇ ಇರು, ಶಾಟಲ್ಲಿ ನೀನೇ ಕೊಡು ಅಂತ ಹೇಳಿ ಒಂದು ತುಳಸಿ ದಳ ಹಾಕ್ದೆ, ಅಷ್ಟೇ."

"ಯಾವ ಹೆಂಗಸು?"

ಕೇಳಬೇಕಾಗಿರಲಿಲ್ಲ. ಚೊಂಬು ಕೊಟ್ಟ ಆ ಕೈಯನ್ನು ನಾನು ಐದು ಸಲ ನೋಡಿದ್ದೆ, ಗಮನವಿಟ್ಟು ಒಮ್ಮೆಯೂ ನೋಡಿರಲಿಲ್ಲ. ಮೊಣಕೈವರೆಗೂ ಹಚ್ಚೆ.

ಬೋರಣ್ಣ ಯಾಕೆ ಫಿಲಂ ತೋರಿಸಬೇಡಿ ಎಂದ ಅನ್ನುವುದು ಆಗ ನನ್ನ ಮಂದ ತಲೆಗೆ ಹೊಳೆಯಿತು. ಅವತ್ತೂ ಸಿಟ್ಟು ಮಾಡಿಕೊಂಡು ಹೊಲದ ಬದುವಿನ ಮೇಲೆ ಹೋಗಿ ನಿಂತವನು ಅಲ್ಲಿಂದ ಎಲ್ಲ ನೋಡಿರಬೇಕು. ಹೆಂಡತಿ ಚೊಂಬು ಕೊಟ್ಟದ್ದು, ಮುದುಕ ಏಳದೆ ಇದ್ದದ್ದು. ಅವಳನ್ನು ಉಳಿಸಲು ತಾನು ಗಲ್ಲಿಗೆ ಹೋಗಲು ತಯಾರಾಗಿದ್ದ. ಅವನನ್ನು ಬಿಡಿಸುವ ರೀಲು ಅವಳನ್ನು ಒಳಗೆ ಹಾಕುತ್ತದೆ. ನನ್ನ ಬುದ್ಧಿವಂತಿಕೆಗಿಷ್ಟು ಬೆಂಕಿ ಹಾಕ.

ಅನಂತರಾಮು ಕೈ ಚಾಚಿ ಬೆಳ್ಳಿ ಲೋಟ ತೆಗೆದುಕೊಂಡ.

ಹಿಂದೆ ಬಾಗಿಲು ಕಿರುಗುಟ್ಟಿತು. ಮುನಿವೆಂಕಟಮ್ಮ ಹೊಸಿಲ ಆಚೆ ನಿಂತಿದ್ದಳು. ಎಷ್ಟು ಹೊತ್ತಿನಿಂದ ನಿಂತಿದ್ದಳೋ. ಪಂಚೆಯ ಮೇಲೆ ಓಡುತ್ತಿದ್ದ ಚಿತ್ರದ ಬೆಳಕು ಅವಳ ಮುಖದ ಮೇಲೆ ಹೊಳೆಯುತ್ತಿತ್ತು.

"ಅಣ್ಣೋರು ಎದ್ರು, ನಕ್ರು ಅಂದ್ರಲ್ಲ ಎಲ್ರೂ," ಎಂದಳು. "ಅಂಗಾದ್ರೆ ಎದ್ದೇ ಇಲ್ವಾ ಅವ್ರು?"

ನಾನು ಬಾಗಿಲ ಕಡೆ ಹೋದೆ.

"ಮುನಿವೆಂಕಟಮ್ಮ," ಎಂದೆ, ಆದಷ್ಟು ಮೆತ್ತಗೆ. "ಆ ಚೊಂಬಿಗೆ ನೀರು ತುಂಬಿದ್ದು ನೀನಾ?"

"ನಾನ್ಯಾಕ್ ತುಂಬ್ಲಿ ಸಾಮಿ? ತುಂಬಿದ್ದನ್ನೇ ತಂದೆ. ಆ ನೀರು ಅಣ್ಣೋರ್ಗೆ ಅಲ್ವೇ ಅಲ್ಲ." ಹಚ್ಚೆಯ ಕೈ ಎತ್ತಿ ಅನಂತರಾಮುವನ್ನು ತೋರಿಸಿದಳು. "ಇವ್ರಿಗೆ. ಬಿಸ್ಲಾಗೆ ಬಾಯಾರ್ಕೆ ಅಂತ ಇವ್ರು ಕೂಗಿದ್ರು. ಕುಡೀಲೇ ಇಲ್ಲ, ಪಿಲಮ್ಮಿಗೆ ಬೇಕು ಅಂದ್ಬುಟ್ರು."

"ನಿನ್ನ ಕೈಗೆ ಕೊಟ್ಟೋರು ಯಾರು?"

"ಇವ್ರ ಹೆಂಡ್ರೇ. ನಮ್ಮನೆ ಒಳ್ಗಡೆ ಸೀರೆ ಉಟ್ಕೊಳ್ತಿದ್ರು. 'ನಾನು ಕೊಟ್ಟೆ ಅನ್ಬೇಡ, ಯಜಮಾನ್ರಿಗೆ ಕೊಟ್ಬುಡು' ಅಂದ್ರು."

ಪಂಚೆಯ ಮೇಲೆ ಚೂಡಾಮಣಿಯ ಕೈ ಹೇಗೆ ನಡುಗಿತ್ತು ಎನ್ನುವುದು ನನ್ನ ಕಣ್ಣಿಗೆ ಕಟ್ಟಿತು. ಗಂಡನಿಗೆಂದು ಕಳಿಸಿದ ಚೊಂಬು ತಿರುಗಿ ಅವಳ ಕೈಗೇ ಬಂದಿತ್ತು. ಕ್ಯಾಮೆರಾ ಓಡುತ್ತಿತ್ತು. ಸುತ್ತ ಇಪ್ಪತ್ತು ಜನ ನೋಡುತ್ತಿದ್ದರು. ಹಿಂದಿನ ವಾರದ ಹಾಗೆ ನೀರು ಕೆನ್ನೆಯ ಮೇಲೆ ಹರಿದು ಹೋಗುತ್ತದೆ ಎಂದು ನಂಬಿ ಅವಳು ತುಟಿ ಬಿಡಿಸಿದ್ದಳು.

ಒಳಗೆ ಪಾತ್ರೆಯ ಸದ್ದು ಯಾವಾಗಲೋ ನಿಂತುಹೋಗಿತ್ತು.

ನಾನು ತಿರುಗಿ ನೋಡಿದೆ. ಅನಂತರಾಮು ಬೆಳ್ಳಿ ಲೋಟವನ್ನು ಸ್ಟೂಲಿನ ಮೇಲಿಟ್ಟು ಅಂಗೈಯಿಂದ ಬಾಯಿ ಒರೆಸಿಕೊಳ್ಳುತ್ತಿದ್ದ. ಲೋಟ ಖಾಲಿಯಾಗಿತ್ತು.